ಅಂಗಡಿಯ ಅಳತೆ, ಮೈಯ ಅಳತೆ: ಜಪಾನಿನ ದಪ್ಪ ಮೈಯ ಮಹಿಳೆಯರ ಉಡುಪು ಕುರಿತು

ದಪ್ಪ ಮೈಯ ಹೆಣ್ಣುಮಕ್ಕಳಿಗೆಂದೇ ಮೀಸಲಾದ ಜಪಾನೀ ಫ್ಯಾಷನ್ ಪತ್ರಿಕೆ ‘ಲಾ ಫಾರ್ಫಾ’ 2013ರಲ್ಲಿ ಹೊರಬಂತು. ಮರುವರ್ಷ ಹಾಸ್ಯನಟಿ ನವೊಮಿ ವತನಬೆ ‘ಪುನ್ಯೂಸ್’ ಉಡುಪುಗಳನ್ನು ಮಾರುಕಟ್ಟೆಗೆ ತಂದರು. ಇವೆರಡನ್ನೂ 1969ರಲ್ಲಿ ಅಮೆರಿಕದಲ್ಲಿ ಸಂಘಟಿತವಾದ ದಪ್ಪ ಮೈಯವರ ಹಕ್ಕಿನ ಚಳವಳಿಯ ತಡವಾದ ಕವಲೆಂದು ಓದುವ ರೂಢಿಯಿದೆ. ಈ ಓದನ್ನು ನಾನು ಒಪ್ಪುವುದಿಲ್ಲ. ಜಪಾನಿನ ಸೌಂದರ್ಯಾಚರಣೆಗಳು ಬರಿಯ ಪಾಶ್ಚಾತ್ಯ ಅನುಕರಣೆಯಲ್ಲವೆಂದು ಲಾರಾ ಮಿಲ್ಲರ್ ‘ಬ್ಯೂಟಿ ಅಪ್’ (2006) ಕೃತಿಯಲ್ಲಿ ವಾದಿಸಿದ್ದಾರೆ. ಆ ಎಚ್ಚರ ಇಲ್ಲಿಗೂ ಸಲ್ಲಬೇಕು.

ತಕರಾರಿರುವುದು ಗಡಿಯ ಬಗ್ಗೆ. ಜಪಾನಿನ ಕೈಗಾರಿಕಾ ಮಾನಕದಲ್ಲಿ ಹೆಂಗಸರ ಉಡುಪಿನ ನಡುವಣ ಅಳತೆಯೆನಿಸಿದ 9ನೇ ಸಂಖ್ಯೆ 158 ಸೆಂ.ಮೀ. ಎತ್ತರ, 83 ಸೆಂ.ಮೀ. ಎದೆಸುತ್ತು, 91 ಸೆಂ.ಮೀ. ಸೊಂಟದ ಕೆಳಸುತ್ತನ್ನು ಆಧಾರವಾಗಿಟ್ಟುಕೊಂಡಿದೆ. ವಿಶ್ವ ಆರೋಗ್ಯ ಸಂಸ್ಥೆ ಬೊಜ್ಜಿನ ಗಡಿಯನ್ನು ಬಿಎಂಐ 30ಕ್ಕೆ ಇಟ್ಟರೆ ಜಪಾನಿನ ವೈದ್ಯರು 25ಕ್ಕೇ ಇಡುತ್ತಾರೆ. ಹೀಗೆ, ಬೇರೆ ದೇಶದಲ್ಲಿ ಯಾರ ಕಣ್ಣಿಗೂ ಬೀಳದ ಮೈಕಟ್ಟಿನವಳೂ ಇಲ್ಲಿ ತನಗೊಪ್ಪುವ ಲಂಗ ಸಿಗದೆ ಅಂಗಡಿಯಿಂದ ಬರಿಗೈಯಲ್ಲಿ ಹಿಂದಿರುಗಬಹುದು. ಆಕೆಯನ್ನು ಹೊರಗಿಟ್ಟದ್ದು ಮೊದಲಿಗೆ ಅಳತೆಪಟ್ಟಿ. ಆದ್ದರಿಂದ ಜಪಾನಿನಲ್ಲಿ ದೇಹಗೌರವದ ಬೇಡಿಕೆ ಹಕ್ಕಿನ ಘೋಷಣೆಗಿಂತ ಮುಂಚೆ ಉಡುಪಿನ ಬೇಡಿಕೆಯಾಗಿ ಮೂಡಿತು ಎಂಬುದು ನನ್ನ ವಾದ. ಸಣ್ಣ ಅಳತೆಯಿಂದ ತೀರಾ ದೊಡ್ಡ ಅಳತೆಯವರೆಗೆ ಒಂದೇ ಹೆಸರಿನಡಿ ಮಾರುವ ಪುನ್ಯೂಸ್ ಇದಕ್ಕೆ ಬಲವಾದ ಸಾಕ್ಷ್ಯ: ಅದು ದಪ್ಪಗಿರುವವಳಿಗೆ ಬೇರೆ ಮೂಲೆಯನ್ನು ತೋರಿಸಲಿಲ್ಲ.

ಈ ವಾದವನ್ನು ಅತಿಯಾಗಿ ಎಳೆಯಬಾರದು. ನಿಂದೆಯ ಹೊರೆ ಅಲ್ಲಿಯೂ ಇದೆ. 2008ರಿಂದ 40–74 ವಯಸ್ಸಿನವರ ಸೊಂಟ ಅಳೆಯುವ ಆರೋಗ್ಯ ತಪಾಸಣೆ ನಡೆಯುತ್ತಿದ್ದು, ಹೆಂಗಸರಿಗೆ 90 ಸೆಂ.ಮೀ. ಮಿತಿಯಿದೆ. ವತನಬೆಯವರನ್ನು ಹಂದಿಯ ವೇಷದಲ್ಲಿ ತರುವ ಸಲಹೆ ಕೊಟ್ಟಿದ್ದು ಬಯಲಾಗಿ, ಟೋಕಿಯೊ ಒಲಿಂಪಿಕ್ ಸಮಾರಂಭಗಳ ಮುಖ್ಯ ನಿರ್ದೇಶಕ ಹಿರೋಷಿ ಸಸಾಕಿ 2021ರ ಮಾರ್ಚಿನಲ್ಲಿ ಹುದ್ದೆ ತೊರೆದರು. ಆಗ ವತನಬೆ ತಮ್ಮ ಮೈಕಟ್ಟಿನಲ್ಲಿ ತಾವು ಸಂತೋಷವಾಗಿರುವುದಾಗಿ ಹೇಳಿ, ಒಬ್ಬೊಬ್ಬರ ವೈಶಿಷ್ಟ್ಯವನ್ನೂ ಗೌರವಿಸುವ ಸಮಾಜವನ್ನು ಹಾರೈಸಿದರು. ಇದರಲ್ಲಿ ಅಮೆರಿಕದ ಚಳವಳಿಯ ಪ್ರಭಾವ ಇರಲಾರದೆಂದು ನಾನು ಹೇಳುತ್ತಿಲ್ಲ. ಆದರೆ ಆ ಉತ್ತರವನ್ನು ಜನ ತಕ್ಷಣ ತಮ್ಮದೆಂದು ಕೇಳಿಸಿಕೊಂಡದ್ದರ ಹಿಂದೆ ಪತ್ರಿಕೆ, ಉಡುಪುಗಳ ಏಳೆಂಟು ವರ್ಷಗಳ ಕೆಲಸವೂ ಇದ್ದಿರಬೇಕು.

ಇನ್ನೊಂದು ಪ್ರಶ್ನೆ ಉಳಿಯುತ್ತದೆ. 2019ರ ರಾಷ್ಟ್ರೀಯ ಸಮೀಕ್ಷೆಯಂತೆ ಇಪ್ಪತ್ತರ ಹರೆಯದ ಜಪಾನೀ ಹೆಂಗಸರಲ್ಲಿ ಸುಮಾರು ಐವರಲ್ಲೊಬ್ಬರ ತೂಕ ಇರಬೇಕಾದುದಕ್ಕಿಂತ ಕಡಿಮೆ. ದಪ್ಪ ಮೈಯ ರೂಪದರ್ಶಿಯನ್ನು ಕಂಡಾಗ ಈ ತೆಳ್ಳಗಿನ ಹೆಣ್ಣುಮಕ್ಕಳಿಗೆ ತಮ್ಮ ಊಟದ ಬಗೆಗಿನ ಅಂಜಿಕೆ ಕಡಿಮೆಯಾಗುತ್ತದೆಯೇ ಎಂಬುದನ್ನು ಅವರನ್ನೇ ಕೇಳಿ ತಿಳಿಯುವ ಕ್ಷೇತ್ರಕಾರ್ಯ ಆಗಬೇಕಿದೆ.