ಬಿ. ಜಯಶ್ರೀ

ಬಿ. ಜಯಶ್ರೀ (ಜನನ: 9 ಜೂನ್ 1950, ಬೆಂಗಳೂರು) ಕನ್ನಡದ ರಂಗನಟಿ, ನಾಟಕ ನಿರ್ದೇಶಕಿ, ಗಾಯಕಿ. ಗುಬ್ಬಿ ವೀರಣ್ಣನವರ ಮೊಮ್ಮಗಳು, ತಾಯಿ ಜಿ. ವಿ. ಮಾಲತಮ್ಮ ಕೂಡ ನಟಿ. ವೃತ್ತಿ ರಂಗಭೂಮಿಯ ಮನೆತನದಲ್ಲಿ ಹುಟ್ಟಿ, ದೆಹಲಿಯಲ್ಲಿ ಆಧುನಿಕ ರಂಗಶಿಕ್ಷಣ ಪಡೆದು, ಎರಡರಲ್ಲಿ ಯಾವುದನ್ನೂ ಬಿಟ್ಟುಕೊಡದೆ ನಾಟಕ ಕಟ್ಟಿದವರು.

ಇವರ ರಂಗಜೀವನದ ಬೇರು ತುಮಕೂರು ಜಿಲ್ಲೆಯ ಗುಬ್ಬಿಯಲ್ಲಿದೆ. ಅಲ್ಲಿ 1884ರಲ್ಲಿ ಹುಟ್ಟಿದ ಗುಬ್ಬಿ ಚನ್ನಬಸವೇಶ್ವರ ಕೃಪಾಪೋಷಿತ ನಾಟಕ ಸಂಘ ಜನರ ಬಾಯಲ್ಲಿ ಬರೀ 'ಗುಬ್ಬಿ ಕಂಪನಿ'. ಬಾಲಕನಾಗಿ ಸೇರಿದ ವೀರಣ್ಣ (1891–1972) ಮುಂದೆ ಅದರ ಒಡೆಯರಾದರು. 1934ರ 'ಕುರುಕ್ಷೇತ್ರ'ದಲ್ಲಿ ನಿಜವಾದ ಆನೆ, ಕುದುರೆಗಳನ್ನೇ ರಂಗಕ್ಕೆ ತಂದ ಧಾರಾಳ ಅವರದು. ತುಮಕೂರಿಗೆ ಹತ್ತಿರದ ಬೆಳ್ಳಾವಿಯ ಹೆಸರು ಹೊತ್ತ ಬೆಳ್ಳಾವೆ ನರಹರಿ ಶಾಸ್ತ್ರಿಗಳು ಕಂಪನಿಗೆ ನಾಟಕ ಬರೆದುಕೊಟ್ಟರು. ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರೂ ಅವರ ಮಗ ಮುತ್ತುರಾಜನೂ ಅಲ್ಲಿಯೇ ಬಣ್ಣ ಹಚ್ಚಿದವರು. ವೀರಣ್ಣನವರು ನಿರ್ಮಾಣದಲ್ಲಿ ಕೈಜೋಡಿಸಿದ 'ಬೇಡರ ಕಣ್ಣಪ್ಪ'ದಿಂದ (1954) ಆ ಮಗ ರಾಜ್‌ಕುಮಾರ್ ಆದರು. ಊರಿಂದೂರಿಗೆ ಕ್ಯಾಂಪು ಹಾಕುವ ಇಂಥ ಕಂಪನಿಯಲ್ಲಿ ಮಕ್ಕಳಿಗೆ ರಂಗವೇ ಅಂಗಳ. ಜಯಶ್ರೀಯವರೂ ಬಾಲ್ಯದಲ್ಲೇ ಪಾತ್ರ ಮಾಡತೊಡಗಿದರು.

ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಇಬ್ರಾಹಿಂ ಅಲ್ಕಾಜಿಯವರ ಕೈಕೆಳಗೆ ಕಲಿತು 1973ರಲ್ಲಿ ಪದವಿ ಪಡೆದರು. ಅದು ಬೆಂಗಳೂರಿನ ಹವ್ಯಾಸಿ ರಂಗಭೂಮಿ ಉಕ್ಕುತ್ತಿದ್ದ ಕಾಲ. ಕಂಪನಿ ನಾಟಕವೆಂದರೆ ಅಬ್ಬರ, ಝಗಮಗ ಪರದೆ, ಮಾತುಮಾತಿಗೆ ಹಾಡು ಎಂದು ಮೂಗು ಮುರಿಯುವವರಿಗೆ ಕೊರತೆ ಇರಲಿಲ್ಲ. ಆ ಟೀಕೆಯಲ್ಲಿ ಹುರುಳಿಲ್ಲದೆ ಇರಲಿಲ್ಲ. ಆದರೆ ಮೈಕಿಲ್ಲದೆ ಕೊನೆಯ ಸಾಲಿಗೂ ಮುಟ್ಟುವ ಕಂಠ, ಪ್ರೇಕ್ಷಕರ ನಾಡಿ ಬಲ್ಲ ಲಯಪ್ರಜ್ಞೆ ಆ ಅಬ್ಬರದ ಒಳಗೇ ಬೆಳೆದಿದ್ದವು. ಹುಡುಗನಾಗಿದ್ದಾಗ ಇದೇ ಗುಬ್ಬಿ ಕಂಪನಿ ಸೇರಿ, ಆಮೇಲೆ ಇದೇ ನಾಟಕ ಶಾಲೆಗೆ ಹೋದ ಬಿ. ವಿ. ಕಾರಂತರು ಅದನ್ನು ಮೊದಲು ಕಂಡುಕೊಂಡಿದ್ದರು. ಕಾರಂತರು ಹೊರಗಿನಿಂದ ಬಂದು ಕಲಿತದ್ದು ಜಯಶ್ರೀಯವರಿಗೆ ಮನೆಯ ಸೊತ್ತಾಗಿತ್ತು.

1976ರಲ್ಲಿ ಅವರು 'ಸ್ಪಂದನ' ತಂಡ ಕಟ್ಟಿದರು. ಹೆಣ್ಣುಮಗಳೊಬ್ಬಳು ತಂಡದ ಯಜಮಾನಿಕೆ, ನಿರ್ದೇಶನ, ಮುಖ್ಯ ಪಾತ್ರ, ಹಾಡುಗಾರಿಕೆ ಎಲ್ಲವನ್ನೂ ಹೊತ್ತು ನಿಲ್ಲುವುದು ಆಗ ಅಪರೂಪ. ಪ್ರೇಮಾ ಕಾರಂತರಂಥ ಕೆಲವರಷ್ಟೇ ನಿರ್ದೇಶನದ ಕಡೆ ಬಂದಿದ್ದರು. ಜಾನಪದ ಕಥನದ ಧಾಟಿಯ 'ಲಕ್ಷಾಪತಿ ರಾಜನ ಕಥೆ', ಚಂದ್ರಶೇಖರ ಕಂಬಾರರ ಕಾದಂಬರಿ ಆಧರಿಸಿದ 'ಕರಿಮಾಯಿ' ತಂಡಕ್ಕೆ ಹೆಸರು ತಂದವು. ಈ ಪ್ರಯೋಗಗಳಲ್ಲಿ ಹಾಡು ನಡುವೆ ತುರುಕಿದ ಅಲಂಕಾರವಲ್ಲ, ಕತೆಯನ್ನು ಮುಂದಕ್ಕೆ ಎಳೆಯುವ ಎತ್ತು. ಜಯಶ್ರೀಯವರ ದನಿಯೂ ಅದಕ್ಕೆ ತಕ್ಕದ್ದು: ನುಣುಪಿಗಿಂತ ಕಸುವು ಹೆಚ್ಚು.

ಅವರ ಸಾಧನೆಯ ತಿರುಳು ಕಾಣಬೇಕಾದರೆ 'ಸದಾರಮೆ'ಯನ್ನು ನೋಡಬೇಕು. ಶೆಟ್ಟರ ಮಗಳು ಸದಾರಮೆ ರಾಜಕುಮಾರನ ಕೈಹಿಡಿದು, ಕಳ್ಳನ ಪಾಲಾಗಿ, ಅವನ ಕಣ್ಣಿಗೆ ಮಣ್ಣೆರಚಿ, ಗಂಡುವೇಷದಲ್ಲಿ ಪಾರಾಗುವ ಈ ಕತೆಯಲ್ಲಿ ವೀರಣ್ಣನವರ ಕಳ್ಳ ಮನೆಮಾತಾಗಿದ್ದ. ಸ್ಪಂದನ ಈ ನಾಟಕವನ್ನು ಮತ್ತೆ ಕೈಗೆತ್ತಿಕೊಂಡಾಗ ಆ ಕಳ್ಳನ ಪಾತ್ರವನ್ನು ಮೊಮ್ಮಗಳೇ ವಹಿಸಿದರು. ಗಂಡಸರೇ ಸ್ತ್ರೀಪಾತ್ರ ಮಾಡುತ್ತಿದ್ದ ಪರಂಪರೆಯೊಳಗೆ ಹೆಣ್ಣೊಬ್ಬಳು ಗಂಡುಪಾತ್ರದಲ್ಲಿ, ಅದೂ ಹಾಸ್ಯದ ಪಾತ್ರದಲ್ಲಿ, ಪ್ರೇಕ್ಷಕರನ್ನು ಗೆದ್ದದ್ದು ಸಣ್ಣ ಮಾತಲ್ಲ. ವಸ್ತುಸಂಗ್ರಹಾಲಯಕ್ಕೆ ಸೇರಬೇಕಿದ್ದ ನಾಟಕ ಹೀಗೆ ಮತ್ತೆ ಟಿಕೆಟ್ಟಿನ ನಾಟಕವಾಯಿತು.

ಸಿನಿಮಾದಲ್ಲಿ ಅವರನ್ನು ತೆರೆಯ ಮೇಲೆ ಕಂಡವರಿಗಿಂತ ಕೇಳಿದವರೇ ಹೆಚ್ಚೇನೋ. ಮಾಧವಿ, ಅಂಬಿಕಾ, ಸುಮಲತಾ ಮೊದಲಾದ ನಾಯಕಿಯರಿಗೆ ಕಂಠದಾನ ಮಾಡಿದ್ದಾರೆ. ಟಿ. ಎಸ್. ನಾಗಾಭರಣರ 'ನಾಗಮಂಡಲ'ದ (1997) ಕುರುಡವ್ವ ನೆನಪಿನಲ್ಲಿ ಉಳಿಯುವ ಪಾತ್ರ. 'ನನ್ನ ಪ್ರೀತಿಯ ಹುಡುಗಿ' (2001) ಚಿತ್ರದ ಕಾರಿನ ಹಾಡು ನಾಟಕವನ್ನೇ ನೋಡದ ತಲೆಮಾರಿಗೂ ಅವರ ದನಿಯ ಪರಿಚಯ ಮಾಡಿಸಿತು.

ಮೈಸೂರಿನ ರಂಗಾಯಣದ ನಿರ್ದೇಶಕಿಯಾಗಿದ್ದ ಅವರು 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡು 2016ರವರೆಗೆ ಸದಸ್ಯರಾಗಿದ್ದರು. 1996ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 2013ರ ಪದ್ಮಶ್ರೀ ಅವರಿಗೆ ಸಂದಿವೆ; ವೀರಣ್ಣನವರಿಗೆ ಪದ್ಮಶ್ರೀ ಬಂದದ್ದು 1972ರಲ್ಲಿ, ಅವರು ತೀರಿಕೊಂಡ ವರ್ಷ. ಜಯಶ್ರೀಯವರ ಆತ್ಮಕಥನ 'ಕಣ್ಣಾಮುಚ್ಚೇ ಕಾಡೇಗೂಡೇ'ಯನ್ನು ಧಾರವಾಡದ ಮನೋಹರ ಗ್ರಂಥಮಾಲೆ ಪ್ರಕಟಿಸಿದೆ.