ಸೆಗೋವಿಯಾ ಹೇಳಿದ ಗಿಟಾರಿನ ಕತೆ

ಹೆಂಡದಂಗಡಿಯ ಗದ್ದಲದಲ್ಲಿ ಫ್ಲಮೆಂಕೊ ಕುಣಿತಕ್ಕೆ ಪಕ್ಕವಾದ್ಯವಾಗಿ ಬಿದ್ದಿದ್ದ ಗಿಟಾರನ್ನು ಎತ್ತಿ ತಂದು ಸಂಗೀತಸಭೆಯ ವೇದಿಕೆಯ ಮೇಲೆ ಕೂರಿಸಿದವನು ತಾನೇ ಎಂದು ಆಂಡ್ರೆಸ್ ಸೆಗೋವಿಯಾ ಜೀವಮಾನವಿಡೀ ಹೇಳುತ್ತ ಬಂದ. 1893ರಲ್ಲಿ ಸ್ಪೇನಿನ ಆಂಡಲೂಸಿಯಾ ಪ್ರಾಂತದ ಲಿನಾರೆಸ್‌ನಲ್ಲಿ ಹುಟ್ಟಿ, ಗ್ರನಾಡಾದಲ್ಲಿ ಬೆಳೆದು, 16ನೇ ವಯಸ್ಸಿನಲ್ಲಿ ಅಲ್ಲೇ ಮೊದಲ ಕಛೇರಿ ಕೊಟ್ಟ ಈತ 1987ರಲ್ಲಿ, 94ನೇ ವಯಸ್ಸಿನಲ್ಲಿ, ಮ್ಯಾಡ್ರಿಡ್‌ನಲ್ಲಿ ತೀರಿಕೊಳ್ಳುವ ವರ್ಷದವರೆಗೂ ವೇದಿಕೆ ಬಿಡಲಿಲ್ಲ. ತನಗೆ ಗುರುವೂ ತಾನೇ, ಶಿಷ್ಯನೂ ತಾನೇ ಎನ್ನುತ್ತಿದ್ದ. ಮುಕ್ಕಾಲು ಶತಮಾನ ಎದುರಿಗೆ ಕೂತು ನುಡಿಸಿದವನು ಒಂದೇ ಕತೆಯನ್ನು ಹೇಳುತ್ತ ಹೋದರೆ ಅದು ಇತಿಹಾಸವಾಗಿಬಿಡುತ್ತದೆ. ಆದರೆ ದಾಖಲೆಗಳನ್ನು ಮುಂದಿಟ್ಟುಕೊಂಡರೆ ಸೆಗೋವಿಯಾ ನಿಜಕ್ಕೂ ಸಾಧಿಸಿದ್ದು ಒಂದು, ತಾನು ಸಾಧಿಸಿದೆ ಎಂದುಕೊಂಡಿದ್ದು ಇನ್ನೊಂದು ಎಂದು ನನಗೆ ಕಾಣುತ್ತದೆ.

ಗಿಟಾರು ಸಭೆಯ ಮೆಟ್ಟಿಲನ್ನೇ ಹತ್ತಿರಲಿಲ್ಲ ಎಂಬ ಮಾತು ನಿಲ್ಲುವುದಿಲ್ಲ. 1808ರಲ್ಲೇ ಇಟಲಿಯ ಮೌರೊ ಜೂಲಿಯಾನಿ ವಿಯೆನ್ನಾದಲ್ಲಿ ವಾದ್ಯವೃಂದದ ಜೊತೆ ತನ್ನ ಕಾನ್ಚೆರ್ಟೊ ನುಡಿಸಿದ್ದ. 1817ರಲ್ಲಿ ಬಾರ್ಸಿಲೋನಾದ ಫರ್ನಾಂಡೊ ಸೋರ್ ಲಂಡನ್ನಿನ ಫಿಲ್ಹಾರ್ಮೋನಿಕ್ ಸೊಸೈಟಿಯ ಕಛೇರಿಯಲ್ಲಿ ಕೂತಿದ್ದ. ಸೆಗೋವಿಯಾ ತೊಡೆಯ ಮೇಲಿಟ್ಟುಕೊಂಡ ವಾದ್ಯದ ಮೈಕಟ್ಟೂ ಅವನ ಕಾಲದ್ದಲ್ಲ. ಅದನ್ನು ರೂಪಿಸಿದವನು ಅಲ್ಮೆರಿಯಾದ ಆಂಟೋನಿಯೊ ದೆ ಟೋರೆಸ್. ಆತ ಒಡಲನ್ನು ಹಿಗ್ಗಿಸಿ, ಮುಂಬದಿಯ ತೆಳು ಹಲಗೆಯ ಒಳಮೈಗೆ ಬೀಸಣಿಗೆಯ ಕಡ್ಡಿಗಳಂತೆ ಹರಡಿದ ಏಳು ಮರದ ಪಟ್ಟಿಗಳನ್ನು ಅಂಟಿಸಿದ. ನಾದ ಹುಟ್ಟುವುದು ಮುಂದಿನ ಹಲಗೆಯಿಂದಲೇ ಎಂದು ತೋರಿಸಲು 1862ರಲ್ಲಿ ಬೆನ್ನನ್ನೂ ಪಕ್ಕೆಗಳನ್ನೂ ರಟ್ಟಿನಿಂದ ಮಾಡಿದ ಒಂದು ಗಿಟಾರನ್ನೇ ಕಟ್ಟಿದ. ಅದು ಈಗ ಬಾರ್ಸಿಲೋನಾದ ಸಂಗೀತ ವಸ್ತುಸಂಗ್ರಹಾಲಯದಲ್ಲಿದೆ. ಟೋರೆಸ್‌ನ ಗಿಟಾರು ಹಿಡಿದ ಫ್ರಾನ್ಸಿಸ್ಕೊ ತಾರೆಗಾ ಬಾಖ್, ಶೋಪೆನ್‌ರ ಕೃತಿಗಳನ್ನು ಆರು ತಂತಿಗೆ ಹೊಂದಿಸಿದ. ಆತ ಕಣ್ಮುಚ್ಚಿದ್ದು 1909ರ ಡಿಸೆಂಬರಿನಲ್ಲಿ, ಸೆಗೋವಿಯಾ ಮೊದಲ ಕಛೇರಿ ಕೊಟ್ಟ ವರ್ಷವೇ. ತಾರೆಗಾನ ಶಿಷ್ಯ ಮಿಗೆಲ್ ಯೋಬೆತ್ ಆ ಹೊತ್ತಿಗೆ ಸ್ಪೇನಿನಾಚೆಗೂ ಹೆಸರಾಗಿದ್ದ. ಸೆಗೋವಿಯಾ ಬಾರ್ಸಿಲೋನಾದಲ್ಲಿ ಅವನ ಬಳಿ ಕೂತು ಕೇಳಿ ಕಲಿತದ್ದು ಕಡಿಮೆಯೇನಲ್ಲ. ಗುರುವಿಲ್ಲದವನಿಗೆ ಹಿರಿಯರಂತೂ ಇದ್ದರು.

ಅವರೆಲ್ಲ ಹೆಚ್ಚಾಗಿ ನಡುಮನೆಯಲ್ಲಿ, ಹತ್ತಿಪ್ಪತ್ತು ರಸಿಕರ ಮುಂದೆ ನುಡಿಸಿದವರು, ಸಾವಿರ ಜನರೆದುರು ಒಂಟಿ ಗಿಟಾರು ಹಿಡಿದು ಕೂರುವ ಎದೆಗಾರಿಕೆ ಸೆಗೋವಿಯಾನದ್ದೇ ಎಂದು ಯಾರಾದರೂ ಹೇಳಬಹುದು. ಇದನ್ನು ಬಹುಪಾಲು ಒಪ್ಪುತ್ತೇನೆ. ಧ್ವನಿವರ್ಧಕವನ್ನು ಆತ ಕೊನೆಯವರೆಗೂ ಹತ್ತಿರ ಸೇರಿಸಲಿಲ್ಲ. ತಾರೆಗಾ ಕೊನೆಗಾಲದಲ್ಲಿ ಉಗುರು ಕತ್ತರಿಸಿ ಬರಿ ಬೆರಳ ತುದಿಯಿಂದ ಮೀಟುತ್ತಿದ್ದ. ಮೆತ್ತನೆಯ ಆ ನಾದ ಕೋಣೆಗೆ ಸಾಕು. ಸೆಗೋವಿಯಾ ತಂತಿಯನ್ನು ಮೊದಲು ಬೆರಳ ಮಾಂಸಕ್ಕೆ ತಾಗಿಸಿ ಉಗುರಿನ ಅಂಚಿನಿಂದ ಜಾರಿಸುತ್ತಿದ್ದ, ಹಾಗಾಗಿ ಸ್ವರಕ್ಕೆ ದುಂಡುತನವೂ ದೂರ ಹೋಗುವ ಕಸುವೂ ಬಂದವು. ತಂತಿಯ ಕತೆಯೂ ಇದೆ. ಪ್ರಾಣಿಯ ಕರುಳಿನಿಂದ ಹೊಸೆದ ತಂತಿ ಹವೆ ಬದಲಾದರೆ ಶ್ರುತಿ ತಪ್ಪುತ್ತಿತ್ತು, ಕಛೇರಿಯ ನಡುವೆಯೇ ಕಿತ್ತುಹೋಗುತ್ತಿತ್ತು. ಎರಡನೇ ಮಹಾಯುದ್ಧದಲ್ಲಿ ಆ ಕರುಳೆಲ್ಲ ಗಾಯಾಳುಗಳಿಗೆ ಹೊಲಿಗೆ ಹಾಕಲು ಹೋಯಿತು. ಆಗ ನ್ಯೂಯಾರ್ಕಿನ ಆಲ್ಬರ್ಟ್ ಆಗಸ್ಟಿನ್ ನೈಲಾನ್ ತಂತಿ ಮಾಡಿದ, ಸೆಗೋವಿಯಾ ಅದನ್ನು ಒಪ್ಪಿದ, ಲೋಕವೂ ಒಪ್ಪಿತು.

ಇಷ್ಟಾದರೂ ಅವನ ನಿಜವಾದ ಸಾಧನೆ ಬೆರಳಿನದಲ್ಲ, ಬೇಡಿಕೆಯದು. ಗಿಟಾರಿಗೆ ಗಿಟಾರು ವಾದಕರೇ ಬರೆಯುತ್ತಿದ್ದ ಕಾಲದಲ್ಲಿ ಆತ ಗಿಟಾರು ಹಿಡಿಯದ ಸಂಯೋಜಕರ ಬೆನ್ನು ಬಿದ್ದು ಬರೆಸಿದ: ಸ್ಪೇನಿನ ಟೊರೋಬಾ, ಟುರೀನಾ, ಮೆಕ್ಸಿಕೊದ ಪೊನ್ಸೆ, ಇಟಲಿಯ ಕಾಸ್ಟೆಲ್‌ನುವೊ-ಟೆಡೆಸ್ಕೊ. ಇದಕ್ಕೂ ದಾರಿ ಇರಲಿಲ್ಲವೆಂದಲ್ಲ; ಸ್ಪೇನಿನ ಸಂಯೋಜಕ ಫಾಯಾ ತನ್ನ ಏಕೈಕ ಗಿಟಾರು ಕೃತಿಯನ್ನು 1920ರಲ್ಲಿ ಬರೆದದ್ದು ಯೋಬೆತ್ ಕೇಳಿದ್ದಕ್ಕೆ. ಆದರೆ ಕಾಲುದಾರಿಯನ್ನು ಹೆದ್ದಾರಿ ಮಾಡಿದವನು ಸೆಗೋವಿಯಾ. ಹಿರೀಕರ ಆಸ್ತಿ ಸಾಲದೆನಿಸಿದಾಗ ಅದನ್ನೂ ಹುಟ್ಟಿಸಿಕೊಂಡ! ಪೊನ್ಸೆ ಹಳೆಯ ಶೈಲಿಯಲ್ಲಿ ಬರೆದುಕೊಟ್ಟ ಸೂಟ್ ಒಂದನ್ನು, ಅಂದರೆ ನೃತ್ಯರಚನೆಗಳ ಮಾಲೆಯೊಂದನ್ನು, 18ನೇ ಶತಮಾನದಲ್ಲಿ ಲ್ಯೂಟ್ ಎಂಬ ತಂತಿವಾದ್ಯ ನುಡಿಸುತ್ತಿದ್ದ ವೈಸ್‌ನದೆಂದು ಹೇಳಿ ನುಡಿಸಿ ಧ್ವನಿಮುದ್ರಿಸಿದ. ಕೇಳುಗರು ನಂಬಿದರು. ನನಗೆ ಇದು ಬರಿಯ ತುಂಟತನವಾಗಿ ಕಾಣುವುದಿಲ್ಲ. ಹೆಂಡದಂಗಡಿಯ ಕತೆ ಗಿಟಾರಿನ ನಿಜವಾದ ಹಿರಿಯರನ್ನು ಮಸುಕಾಗಿಸಿತು. ಈ ಸೂಟ್ ಇಲ್ಲದ ಹಿರಿಯನನ್ನು ಕಟ್ಟಿತು. ವಂಶಾವಳಿ ಎರಡೂ ಕಡೆ ಅವನ ಕೈಯಲ್ಲೇ ಇತ್ತು.

ಆ ವಂಶಾವಳಿಯಲ್ಲಿ ಅವನ ಕಿವಿಗೆ ಒಗ್ಗದವರಿಗೆ ಜಾಗವಿರಲಿಲ್ಲ. ಸ್ವಿಟ್ಜರ್ಲೆಂಡಿನ ಫ್ರಾಂಕ್ ಮಾರ್ಟಿನ್ 1933ರಲ್ಲಿ ಅವನಿಗಾಗಿ ಬರೆದ ನಾಲ್ಕು ಕಿರುಕೃತಿಗಳನ್ನು ಆತ ನುಡಿಸಲೇ ಇಲ್ಲ. ತನಗೆ ಬೇಕಾದ್ದನ್ನು ನುಡಿಸುವ ಹಕ್ಕು ಕಲಾವಿದನಿಗಿಲ್ಲವೇ? ಇದೆ, ಸಾಮಾನ್ಯ ಕಲಾವಿದನಿಗೆ. ಸೆಗೋವಿಯಾ ಸಿಯೆನಾದಲ್ಲಿ, ಸಾಂಟಿಯಾಗೊ ದೆ ಕಾಂಪೊಸ್ಟೆಲಾದಲ್ಲಿ ಪಾಠ ಹೇಳಿದವನು. ಅವನು ತಿದ್ದಿದ ಪ್ರತಿಗಳೇ ಅಚ್ಚಾಗಿ ವಿದ್ಯಾರ್ಥಿಗಳ ಕೈಗೆ ಹೋದವು. ಅವನ ರುಚಿಯೇ ಪಠ್ಯವಾಯಿತು. ಪರಾಗ್ವೆಯ ಅಗುಸ್ತಿನ್ ಬಾರಿಯೋಸ್ ಇದರ ದೊಡ್ಡ ಉದಾಹರಣೆ. ಸೆಗೋವಿಯಾನ ಮೊದಲ ಎಚ್.ಎಂ.ವಿ. ತಟ್ಟೆಗಳು ಬಂದದ್ದು 1927ರಲ್ಲಿ. ಬಾರಿಯೋಸ್ 1910ರ ದಶಕದಲ್ಲೇ ಧ್ವನಿಮುದ್ರಣ ಮಾಡಿದ್ದ. ಇಬ್ಬರೂ 1921ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಎದುರಾದರು, ಬಾರಿಯೋಸ್ ತನ್ನ ‘ಲಾ ಕಾಟೆಡ್ರಾಲ್’ ನುಡಿಸಿ ತೋರಿಸಿದ. ಸೆಗೋವಿಯಾ ಮುಂದೆಂದೂ ಅವನ ಕೃತಿಯನ್ನು ಕಛೇರಿಗೆ ತರಲಿಲ್ಲ. ಬಾರಿಯೋಸ್ 1944ರಲ್ಲಿ ಸಾನ್ ಸಾಲ್ವಡಾರ್‌ನಲ್ಲಿ ತೀರಿಕೊಂಡ. ಅವನ ಕೃತಿಗಳಿಗೇ ಮೀಸಲಾದ ಧ್ವನಿಮುದ್ರಿಕೆಯೊಂದನ್ನು 1977ರಲ್ಲಿ ಹೊರತಂದ ಜಾನ್ ವಿಲಿಯಮ್ಸ್, ಸಿಯೆನಾದಲ್ಲಿ ಸೆಗೋವಿಯಾನ ಬಳಿಯೇ ಕಲಿತವನು. ಅದರ ಹಿಂದಿನ ವರ್ಷವಷ್ಟೇ ಸೆಗೋವಿಯಾನ ಆತ್ಮಕಥೆ ಅಚ್ಚಾಗಿತ್ತು. ಅದು ಅವನ ಹುಟ್ಟಿನಿಂದ ಶುರುವಾಗಿ 1920ಕ್ಕೆ ನಿಲ್ಲುತ್ತದೆ.