ಮುಮ್ಮಡಿಯವರ ಕುದುರೆ ನಡೆ

1831ರಲ್ಲಿ ಆಂಗ್ಲರು ಮೈಸೂರಿನ ಆಡಳಿತವನ್ನು ಕಿತ್ತುಕೊಂಡ ಮೇಲೆ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಪಟ್ಟವಿತ್ತು, ಅಧಿಕಾರವಿರಲಿಲ್ಲ. ಅವರ ಚದುರಂಗದ ಒಲವನ್ನು ಕೆಲಸವಿಲ್ಲದ ಅರಸನ ಕಾಲಹರಣವೆನ್ನುವವರಿದ್ದಾರೆ; ನಾವು ಒಪ್ಪಲಾರೆವು. ಕುದುರೆ 64 ಮನೆಗಳನ್ನೂ ಒಂದೊಂದೇ ಸಲ ಮೆಟ್ಟಬೇಕು. ಮೆಟ್ಟಿದ ಕ್ರಮದಲ್ಲಿ ಅಂಕಿ ಬರೆದರೆ ಪ್ರತಿ ಅಡ್ಡಸಾಲಿನ, ಪ್ರತಿ ಉದ್ದಸಾಲಿನ ಮೊತ್ತವೂ 260 ಆಗಬೇಕು. ಇಂಥದೊಂದನ್ನು ಇಂಗ್ಲೆಂಡಿನ ಬೆವರ್ಲಿ ಪ್ರಕಟಿಸಿದ್ದು 1848ರಲ್ಲಿ. ಹೆಚ್ಚುಕಡಿಮೆ ಅದೇ ಕಾಲಕ್ಕೆ ಮೈಸೂರರಮನೆಯಲ್ಲಿ ಒಡೆಯರಿಗೂ ಅದು ಸಿದ್ಧಿಸಿತು. ಕುದುರೆ ನಡೆಯಲ್ಲಿ ಅಕ್ಷರ ಜೋಡಿಸುವ ತುರಗಪದವನ್ನು ಒಂಬತ್ತನೆಯ ಶತಮಾನದ ರುದ್ರಟನೇ ಹೇಳಿದ್ದನಷ್ಟೆ. ಅವರ ಕೈಯಲ್ಲಿ ಅಲಂಕಾರಶಾಸ್ತ್ರದ ಆ ಚಮತ್ಕಾರ ಗಣಿತವಾಯಿತು. ‘ಶ್ರೀತತ್ತ್ವನಿಧಿ’ಯ ಕೌತುಕನಿಧಿಯಲ್ಲಂತೂ ಆಟಗಳದೇ ಮೇಳ. 1868ರಲ್ಲಿ ಒಡೆಯರು ತೀರಿಕೊಂಡರು. ಆಡಳಿತ ಮರಳಿದ್ದು 1881ರಲ್ಲಿ, ಅವರ ದತ್ತುಪುತ್ರ ಚಾಮರಾಜೇಂದ್ರರಿಗೆ.